ಒಂದೇ ಸಾಲಿನ ಮುಂದೆ ಕೂತ ಮಗಳಿಗೆ

ಪ್ರೀತಿಯ ಪುಟ್ಟಿ,

ನಿನ್ನೆ ಫೋನಿನಲ್ಲಿ ಸರಿಯಾಗಿ ಮಾತಾಡಲು ಆಗಲಿಲ್ಲ. ಇಲ್ಲಿ ಕುಕ್ಕರ್ ಕೂಗುತ್ತಿತ್ತು, ಅಲ್ಲಿ ನೀನು ಅಳುತ್ತಿದ್ದೆ. ಅದಕ್ಕೇ ಈ ಕಾಗದ.

ಒಂದು ತಿಂಗಳಿಂದ ಜಾವಳಿಯ, ಅಂದರೆ ಅಭಿನಯಕ್ಕೆ ಹಾಡುವ ಆ ಪ್ರೇಮಗೀತೆಯ, ಒಂದೇ ಸಾಲು, ಅದೂ ಚಾಪೆಯ ಮೇಲೆ ಕೂತುಕೊಂಡೇ ಮಾಡಿಸುತ್ತಿದ್ದಾರೆ ಅಂದೆ. ಗೆಜ್ಜೆ ಮುಟ್ಟೇ ಇಲ್ಲ, "ಇದೂ ಡ್ಯಾನ್ಸಾ ಅಮ್ಮ?" ಅಂದೆ.

ನಮ್ಮ ಕಡೂರು ಸೀಮೆಯ ತಂಗಲಿ ತಾಂಡ್ಯ ಗೊತ್ತಲ್ಲ? ಭರತನಾಟ್ಯದ ದೊಡ್ಡ ಕಲಾವಿದೆ ಕೆ. ವೆಂಕಟಲಕ್ಷಮ್ಮ ಹುಟ್ಟಿದ್ದು ಅಲ್ಲೇ, 1906ರಲ್ಲಿ, ಲಂಬಾಣಿ ಮನೆಯಲ್ಲಿ. ಎಂಟು ವರ್ಷಕ್ಕೆ ಮೈಸೂರಿನ ಜಟ್ಟಿ ತಾಯಮ್ಮನವರ ಹತ್ತಿರ ಕಲಿಯಲು ಸೇರಿದರು. ತಾಯಮ್ಮ ಪೈಲ್ವಾನರ ಮಗಳು. ಗರಡಿಯ ಮನೆತನದ ಹೆಣ್ಣುಮಗಳು ಕಣ್ಣು, ಹುಬ್ಬಿನ ನಾಜೂಕಿಗೆ ಹೆಸರಾಗಿದ್ದು ನನಗೆ ಯಾವಾಗಲೂ ಮಜಾ ಅನ್ನಿಸುತ್ತದೆ.

ನೀನೇನು ಹೇಳುತ್ತೀಯ ಗೊತ್ತು. "ಅವರ ರಂಗಪ್ರವೇಶ 12ನೇ ವಯಸ್ಸಿಗೇ ಆಯ್ತಲ್ಲ, ನನಗಾಗಲೇ 15." ನಿಜ, 1918ರಲ್ಲೇ ಆಯ್ತು. ಆದರೆ ಅರಮನೆಯ ಆಸ್ಥಾನ ವಿದುಷಿ ಆಗಿದ್ದು 1939ರಲ್ಲಿ, ನಾಲ್ವಡಿಯವರ ಕಾಲದಲ್ಲಿ. ನಡುವೆ 21 ವರ್ಷ! ಕುಣಿತ ಒಂದನ್ನೇ ಕಲಿತವರೂ ಅಲ್ಲ. ಆಸ್ಥಾನದ ಪಂಡಿತರಿಂದ ಸಂಸ್ಕೃತ, ಬಿ. ದೇವೇಂದ್ರಪ್ಪನವರಿಂದ ಸಂಗೀತ. ಶ್ಲೋಕದ ಅರ್ಥ ಗೊತ್ತಿಲ್ಲದೆ ಮುಖದಲ್ಲಿ ಏನು ತರುತ್ತೀಯ, ಹೇಳು?

ಅವರ ಮೈಸೂರು ಶೈಲಿಯ ಭರತನಾಟ್ಯದಲ್ಲಿ ಅಭಿನಯಕ್ಕೇ ಜಾಸ್ತಿ ಜಾಗ. ಸಾಲು ಒಂದೇ, ಪ್ರತಿ ಸಲ ಅದರೊಳಗೆ ಬೇರೆ ಕಥೆ. ನಿನ್ನ ಸಾಲು "ಇನ್ನೂ ಬರಲಿಲ್ಲ ಅವನು" ಅಂತ ಅಲ್ವಾ? ನಿನ್ನ ಅಜ್ಜಿಯನ್ನು ನೆನಪಿಸಿಕೋ. ತಾತ ಬರುವ ಕೊನೇ ಬಸ್ಸು ತಡವಾದರೆ ಮೊದಲು ಬೈಗುಳ. ಆಮೇಲೆ ಸುಮ್ನೆ ಬಾಗಿಲಿಗೆ ಹೋಗಿ ಬರುವುದು. ಮತ್ತೆ ಸಾರು ಬಿಸಿಗಿಡುವುದು. ಕೊನೆಗೆ ಮೆಟ್ಟಿಲ ಮೇಲೆ ಕೂತು ಸೆರಗಿನ ಅಂಚು ತಿರುಚುವುದು. ಟೀಚರ್ ಕೇಳುತ್ತಿರುವುದು ಇದನ್ನೇ ಇರಬೇಕು.

ವೆಂಕಟಲಕ್ಷಮ್ಮ ಕಲಿಸುವುದರಲ್ಲೂ ಹಾಗೇ ಮುಳುಗಿದವರು. 1965ರಲ್ಲಿ ಮೈಸೂರು ವಿಶ್ವವಿದ್ಯಾಲಯದಲ್ಲಿ ನೃತ್ಯ ವಿಭಾಗ ಶುರುವಾದಾಗ ಮೊದಲ ರೀಡರ್, ಅಂದರೆ ಅಧ್ಯಾಪಕಿ, ಅವರೇ. ಅರಮನೆಯ ಕಲೆ ಹಾಗೆ ಕ್ಲಾಸ್‌ರೂಮಿಗೆ ಬಂತು. ಆಗಿನ್ನೂ ಮಗಳನ್ನು ಕುಣಿಯಲು ಕಳಿಸಿದರೆ ಮೂಗು ಮುರಿಯುವ ಮನೆಗಳು ಬೇಕಾದಷ್ಟಿದ್ದವು. ಪದ್ಮಭೂಷಣ ಬಂದಿದ್ದು 1992ರಲ್ಲಿ, ಅವರ 86ನೇ ವಯಸ್ಸಿಗೆ. 2002ರಲ್ಲಿ ತೀರಿಕೊಂಡರು.

ಒಂದು ತಪ್ಪು ಒಪ್ಪಿಕೊಳ್ಳಬೇಕು. ಈ ವರ್ಷವೇ ರಂಗಪ್ರವೇಶ ಆಗಲಿ ಅಂತ ಹಟ ಹಿಡಿದವಳು ನಾನು. ಪಕ್ಕದ ಬೀದಿಯ ಹುಡುಗಿಯದು ಆಯಿತಲ್ಲ ಅಂತ ಹೊಟ್ಟೆಕಿಚ್ಚು. ನಿನಗೆ ಹೇಳದೆ ಹಾಲ್‌ಗೆ ಅಡ್ವಾನ್ಸ್ ಕೊಟ್ಟುಬಿಟ್ಟಿದ್ದೆ. ಇವತ್ತು ಫೋನ್ ಮಾಡಿ ಬೇಡ ಅಂದೆ. ಅರ್ಧ ದುಡ್ಡು ವಾಪಸ್ ಬರುತ್ತದಂತೆ. ಅಪ್ಪನಿಗೆ ಈಗಲೇ ಹೇಳಬೇಡ.

ಶನಿವಾರ ಬೆಳಗಿನ ಬಸ್ಸಿಗೆ ಬರುತ್ತೇನೆ. ಅಜ್ಜಿ ಕೋಡುಬಳೆ ಕಟ್ಟಿಕೊಡುತ್ತಿದ್ದಾರೆ. ಬಸ್ಸು ತಡವಾದರೆ ಬೈಯಬೇಡ. ಹಾಸ್ಟೆಲ್ ಮೆಟ್ಟಿಲ ಮೇಲೆ ಕೂತು ಆ ಸಾಲನ್ನೇ ಒಂದು ಸಲ ಮಾಡುತ್ತಿರು.

ಪ್ರೀತಿಯಿಂದ,
ಅಮ್ಮ