‘ಕೋಟೆ’ ಎಂಬ ಒಂದು ಪದದ ಬಗ್ಗೆ, ಡ್ರಾಹೆಡಾದ ತಂಗಿಗೆ

ಪ್ರೀತಿಯ ತಂಗಿಗೆ ಶುಭಾಶೀರ್ವಾದಗಳು.

ನಿಮ್ಮ ಹಸ್ತಪ್ರತಿಯೂ ಜೊತೆಗಿದ್ದ ಪತ್ರವೂ ಕೈಸೇರಿ ಎರಡು ವಾರಗಳಾದವು. ರಾತ್ರಿ ಪಾಳಿ ಮುಗಿಸಿ ಮನೆಗೆ ಮರಳುವಾಗ ಡ್ರಾಹೆಡಾದ ಸೇಂಟ್ ಲಾರೆನ್ಸ್ ಬಾಗಿಲಿನ ಕಲ್ಲಿಗೆ ಒಮ್ಮೆ ಅಂಗೈ ತಾಗಿಸಿ ಮುಂದೆ ಹೋಗುತ್ತೀರೆಂದು ಬರೆದಿದ್ದೀರಿ. ಐರ್ಲೆಂಡಿನ ಹಳೆಯ ಪಟ್ಟಣಗಳ ಬಗ್ಗೆ ಕನ್ನಡದಲ್ಲಿ ಯಾರು ಓದುತ್ತಾರೆ, ಹರಿದು ಹಾಕಿಬಿಡಲೇ ಎಂದೂ ಕೇಳಿದ್ದೀರಿ. ಹರಿಯಬೇಡಿ. ಅಧ್ಯಾಯಗಳ ಜೋಡಣೆ, ಪ್ರಕಾಶಕರು, ಮುನ್ನುಡಿ ಯಾರಿಂದ ಬರೆಸಬೇಕು ಎಂಬ ಪ್ರಶ್ನೆಗಳನ್ನು ಬೇರೆ ಯಾರನ್ನಾದರೂ ಕೇಳಿಕೊಳ್ಳಿ. ನನ್ನ ತಕರಾರು ಒಂದೇ ಒಂದು ಪದದ ಮೇಲೆ.

ನಿಮ್ಮ 140 ಪುಟಗಳಲ್ಲಿ ‘ಕೋಟೆ’ ಎಂದು ಬಂದಲ್ಲೆಲ್ಲ ಪೆನ್ಸಿಲಿನಿಂದ ಗೀಟು ಹಾಕುತ್ತ ಹೋದೆ. 60 ದಾಟಿದ ಮೇಲೆ ಎಣಿಸುವುದನ್ನು ಬಿಟ್ಟೆ. ಕೋಟೆ ಎಂದೊಡನೆ ಕನ್ನಡದ ಓದುಗನ ಕಣ್ಣಿಗೆ ಚಿತ್ರದುರ್ಗ ಬರುತ್ತದೆ, ಬತೇರಿ ಬರುತ್ತದೆ, ಪಾಳೆಯಗಾರನೂ ಒನಕೆಯೂ ಬರುತ್ತವೆ. ಓದುಗನಿಗಿಂತ ಮೊದಲು ಅವು ನಿಮ್ಮ ಕಣ್ಣಿಗೇ ಬಂದಿವೆ. ಇಲ್ಲವಾದರೆ 1649ರಲ್ಲಿ ಇಂಗ್ಲಿಷ್ ಸೇನಾನಿ ಕ್ರಾಮ್‌ವೆಲ್ ಡ್ರಾಹೆಡಾದ ಮೇಲೆ ಮಾಡಿದ ದಾಳಿಗೆ 22 ಪುಟಗಳನ್ನು ಕೊಟ್ಟ ನೀವು, ಊರ ಸುತ್ತಲಿನ ಗೋಡೆ ಕಟ್ಟಲು ಹಣ ಎಲ್ಲಿಂದ ಬಂತು ಎಂಬುದನ್ನು ಒಂದೂವರೆ ಸಾಲಿನಲ್ಲಿ ಮುಗಿಸುತ್ತಿರಲಿಲ್ಲ.

ಹಣ ಬಂದದ್ದು ಸುಂಕದಿಂದ. 12ನೆಯ ಶತಮಾನದಲ್ಲಿ ಇಂಗ್ಲೆಂಡಿನ ಕಡೆಯಿಂದ ನಾರ್ಮನ್ನರು ದಂಡೆತ್ತಿ ಬಂದ ಮೇಲಿನ ಐರಿಷ್ ಪಟ್ಟಣಗಳಲ್ಲಿ, ಊರಿಗೆ ಮಾರಾಟಕ್ಕೆ ಬರುವ ತೊಗಲು, ಉಣ್ಣೆ, ಉಪ್ಪು, ಮೀನು, ದ್ರಾಕ್ಷಾರಸಗಳ ಮೇಲೆ ಇಂತಿಷ್ಟು ವರ್ಷ ಸುಂಕ ಎತ್ತಿ ಅದನ್ನು ಗೋಡೆಗೇ ಖರ್ಚು ಮಾಡಬಹುದೆಂದು ಇಂಗ್ಲೆಂಡಿನ ದೊರೆ ಅನುಮತಿ ಪತ್ರ ಕೊಡುತ್ತಿದ್ದ. ಮ್ಯೂರೇಜ್ ಎಂದು ಅದರ ಹೆಸರು. ‘ಗೋಡೆ ಸುಂಕ’ ಎಂದರೆ ಸಾಕು. ಅಥೆನ್ರಿ ಎಂಬ ಪಟ್ಟಣಕ್ಕೆ ಅದು ಸಿಕ್ಕಿದ್ದು 1310ರಲ್ಲಿ. ಅಂದರೆ ಗೋಡೆ ಶತ್ರುವನ್ನು ತಡೆಯುವುದಕ್ಕೆ ಇದ್ದಷ್ಟೇ, ಸುಂಕ ತೆರದೆ ಯಾರೂ ಒಳಗೆ ನುಸುಳದಂತೆ ನೋಡಿಕೊಳ್ಳುವುದಕ್ಕೂ ಇತ್ತು. ಸುಂಕದವನ ಮುಂದೆ ಸುಖದುಃಖ ಹೇಳಿಕೊಂಡಂತೆ ಎಂಬ ಗಾದೆ ನಮ್ಮಲ್ಲೇ ಇದೆಯಲ್ಲ. ಆ ಸುಂಕದವನು ನಿಂತಿರುತ್ತಿದ್ದದ್ದು ನೀವು ದಿನಾ ಅಂಗೈ ಇಡುವ ಕಲ್ಲಿನ ಆಸುಪಾಸಿನಲ್ಲೇ. ಅಂದಹಾಗೆ ನೀವು ‘ಕೋಟೆಯ ಹೆಬ್ಬಾಗಿಲು’ ಎಂದು ಕರೆದದ್ದು ಹೆಬ್ಬಾಗಿಲೇ ಅಲ್ಲ. ಅದು ಬಾಗಿಲಿನ ಮುಂದೆ ಕಾವಲಿಗೆಂದು ಕಟ್ಟಿದ ಜೋಡಿ ಬುರುಜು. ಅದರ ಹಿಂದಿದ್ದ ನಿಜವಾದ ಬಾಗಿಲು ಬಿದ್ದುಹೋಗಿದೆ. ದಿನವೂ ಮುಟ್ಟುವ ಕಲ್ಲನ್ನೇ ತಪ್ಪು ಹೆಸರಿನಿಂದ ಕರೆದರೆ ನನಗೆ ಸಿಟ್ಟು ಬರುತ್ತದೆ, ಕ್ಷಮಿಸಿ. ನಿಮ್ಮ ಊರೇ ಬಾಯ್ನ್ ನದಿಯ ಆಚೆ ಈಚೆ ಎರಡು ಬೇರೆ ಬೇರೆ ಪಟ್ಟಣಗಳಾಗಿ ಪೈಪೋಟಿ ನಡೆಸಿ, 1412ರಲ್ಲಷ್ಟೇ ಒಂದಾಯಿತು. ಕ್ರಾಮ್‌ವೆಲ್ಲನಿಂದ ನಾಲ್ಕು ಪುಟ ಕಿತ್ತು ಆ ಜಗಳಕ್ಕೆ ಕೊಡಿ.

ನ್ಯೂ ರಾಸ್ ಪಟ್ಟಣದ ವಿಷಯ ನಿಮ್ಮಲ್ಲಿ ಅಡಿಟಿಪ್ಪಣಿಯಾಗಿ ಬಿದ್ದಿದೆ. ಅದನ್ನು ಎತ್ತಿ ಪುಸ್ತಕದ ನಡುವೆ ಇಡಿ. 1265ರ ಸುಮಾರಿಗೆ ಇಬ್ಬರು ದೊಡ್ಡ ಸರದಾರರ ಕಾದಾಟದ ನಡುವೆ ಸಿಕ್ಕಿಬೀಳುತ್ತೇವೆಂದು ಹೆದರಿದ ಆ ಊರಿನವರು ಕಂದಕ ತೋಡಿಸಲು ಕೂಲಿಯಾಳುಗಳನ್ನು ಹಿಡಿದರು, ಕೆಲಸ ಸಾಗಲಿಲ್ಲ. ಆಗ ವಾರದ ಒಂದೊಂದು ದಿನ ಒಂದೊಂದು ಕಸುಬಿನವರು ಬಾವುಟ ಹಿಡಿದು, ಕೊಳಲು ತಮಟೆಗಳ ಜೊತೆ ಹೋಗಿ ತಾವೇ ಅಗೆದರು. ಭಾನುವಾರ ಹೆಂಗಸರು ಕಲ್ಲು ಹೊತ್ತರು. ನಾರ್ಮನ್ ಫ್ರೆಂಚಿನಲ್ಲಿ ಯಾರೋ ಇದನ್ನು ಪದ್ಯವಾಗಿ ಬರೆದಿಟ್ಟದ್ದರಿಂದ ನಮಗೆ ತಿಳಿದಿದೆ. ಅಲ್ಲಿ ಕತ್ತಿ ಹಿಡಿದ ವೀರನಿಲ್ಲ. ದರ್ಜಿಯೂ ರೊಟ್ಟಿ ಸುಡುವವನೂ ಇದ್ದಾರೆ. ಇಂಥದ್ದಕ್ಕೆ ಕೋಟೆ ಎಂದರೆ ಆ ಹೆಂಗಸರು ಹೊತ್ತ ಕಲ್ಲು ಪಾಳೆಯಗಾರನ ಲೆಕ್ಕಕ್ಕೆ ಸೇರಿಬಿಡುತ್ತದೆ. ಊರಗೋಡೆ ಎನ್ನಿ, ಪೇಟೆಯ ಗೋಡೆ ಎನ್ನಿ. ಬೆಂಗಳೂರಿನಲ್ಲಿ ಕೋಟೆ ಬೇರೆ, ಪೇಟೆ ಬೇರೆ, ಎರಡಕ್ಕೂ ಸುತ್ತುಗೋಡೆ ಇತ್ತು. 1791ರಲ್ಲಿ ಕಾರ್ನ್‌ವಾಲಿಸ್ ಮೊದಲು ಪೇಟೆಯನ್ನು, ಆಮೇಲೆ ಕೋಟೆಯನ್ನು ಹಿಡಿದ. ಅದೇ ಮನುಷ್ಯ 1798ರಲ್ಲಿ ಐರ್ಲೆಂಡಿನ ವೈಸರಾಯ್ ಆದನೆಂದು ನೀವು ಕುಣಿದಾಡಿದ್ದೀರಿ. ಅದು ಕಾಕತಾಳೀಯ, ತೆಗೆಯಿರಿ.

ನನ್ನ ಈ ಹಟಕ್ಕೆ ಕಾರಣವಿದೆ. ಸುಮಾರು 30 ವರ್ಷಗಳ ಹಿಂದೆ ಡಬ್ಲಿನ್ನಿಗೆ ಹೋಗಿ ಬಂದು ಪ್ರವಾಸ ಕಥನ ಬರೆದೆ. ಸೇಂಟ್ ಆಡೊಯೆನ್ ಕಮಾನಿನ ಕೆಳಗೆ ನಿಂತು, ‘ವೈಕಿಂಗರು ಕಟ್ಟಿದ ಕೋಟೆಯ ತಂಪು ನನ್ನ ಬೆನ್ನಿಗೆ ತಾಗಿತು’ ಎಂದು ಬರೆದೆ. ವೈಕಿಂಗರು ಉತ್ತರದಿಂದ ಹಡಗಿನಲ್ಲಿ ಬಂದು ನಾರ್ಮನ್ನರಿಗಿಂತ ಮೊದಲೇ ಅಲ್ಲಿ ನೆಲೆಸಿದವರು. ಆ ಬಾಗಿಲು ನಾರ್ಮನ್ನರು 1240ರಲ್ಲಿ ಕಟ್ಟಿಸಿದ್ದು; ಮೇಲಿನ ತೆನೆಗಳಂತೂ 19ನೆಯ ಶತಮಾನದ ದುರಸ್ತಿ. 1100ರ ಸುಮಾರಿನ ಹಳೆಯ ಕಲ್ಲುಗೋಡೆಯ ತುಂಡು ಅಲ್ಲಿಂದ ಕೆಲವೇ ನಿಮಿಷದ ನಡಿಗೆಯಲ್ಲಿ, ವುಡ್ ಕೀಯ ನಗರಸಭೆ ಕಚೇರಿಯ ಕೆಳಗೆ ಇತ್ತು. ಆ ಕಚೇರಿ ಅಲ್ಲಿ ಬೇಡವೆಂದು 1978ರಲ್ಲಿ ಸುಮಾರು 20,000 ಜನ ಮೆರವಣಿಗೆ ಹೊರಟಿದ್ದರೆಂಬುದೂ ನನಗೆ ಗೊತ್ತಿರಲಿಲ್ಲ. ಪುಸ್ತಕವನ್ನು ಎಲ್ಲರೂ ಹೊಗಳಿದರು, ಆ ಸಾಲನ್ನೇ ಎತ್ತಿ ಹೇಳಿ ಹೊಗಳಿದರು. ನಿವೃತ್ತ ಮೇಷ್ಟ್ರೊಬ್ಬರು ಮಾತ್ರ ಕಾರ್ಡಿನಲ್ಲಿ ಎರಡೇ ಸಾಲು ಬರೆದು, ವೈಕಿಂಗರ ಕಾಲಕ್ಕೆ ಆ ಬಾಗಿಲು ಇತ್ತೇ ಎಂದು ಕೇಳಿದರು. ನಾನು ಉತ್ತರಿಸಲಿಲ್ಲ. ಎರಡನೆಯ ಮುದ್ರಣದಲ್ಲೂ ಸಾಲು ಹಾಗೇ ಉಳಿಯಿತು. ಅದಕ್ಕೂ ಮೊದಲು ಅದೇ ಬರಹ ವಾರಪತ್ರಿಕೆಯಲ್ಲಿ ಬಂದಾಗ, ನಾನು ಅಂಜಿಕೆಯಿಂದ ಬಳಸಿದ್ದ ‘ಇರಬಹುದು’ಗಳನ್ನೆಲ್ಲ ಅಲ್ಲಿನವರು ‘ಇದೆ’ ಎಂದು ತಿದ್ದಿದ್ದರು. ಅವರ ಮೇಲಿನ ಸಿಟ್ಟು ಇನ್ನೂ ಇಳಿದಿಲ್ಲವಾದರೂ, ಪುಸ್ತಕ ಮಾಡುವಾಗ ಆ ‘ಇದೆ’ಗಳನ್ನು ಇಷ್ಟಪಟ್ಟು ಉಳಿಸಿಕೊಂಡವನು ನಾನೇ.

ಕ್ಲಾನ್‌ಮಕ್ನಾಯ್ಸ್ ಅಧ್ಯಾಯದಲ್ಲೂ ಇದೇ ತೊಂದರೆ. ಶಾನನ್ ನದಿಗೆ 804ರಲ್ಲೇ ಮರದ ಸೇತುವೆ ಇದ್ದ ಆ ಮಠದ ಸುತ್ತ ಜನವಸತಿ ಬೆಳೆದಿತ್ತು ನಿಜ. ಅದನ್ನು ಪಟ್ಟಣ ಎನ್ನಬಹುದೇ, ಅಥವಾ ಪಟ್ಟಣಗಳು ವೈಕಿಂಗರ ಬಂದರುಗಳಿಂದಲೇ ಶುರುವಾದವೇ ಎಂದು ವಿದ್ವಾಂಸರು ಇಂದಿಗೂ ಜಗಳವಾಡುತ್ತಾರೆ. ನೀವು ‘ಐರ್ಲೆಂಡಿನ ಮೊದಲ ಪಟ್ಟಣ’ ಎಂದು ಶೀರ್ಷಿಕೆ ಕೊಟ್ಟು ಜಗಳವನ್ನೇ ಮುಚ್ಚಿಹಾಕಿದ್ದೀರಿ.

ಇಷ್ಟೆಲ್ಲ ಬೈದ ಮೇಲೆ 47ನೆಯ ಪುಟದ ಮಾತು. ಡಬ್ಲಿನ್ನಿನ ಫಿಶಾಂಬಲ್ ಬೀದಿಯಲ್ಲಿ ಅಗೆದಾಗ ಸಿಕ್ಕ ವೈಕಿಂಗ್ ಕಾಲದ ಮನೆಗಳ ಗೋಡೆಗಳಿಗೆ ನೀವು ‘ತಡಿಕೆ’ ಎಂದಿದ್ದೀರಿ. ಗೂಟಗಳ ನಡುವೆ ಹೇಜಲ್ ಎಂಬ ಗಿಡದ ಕಡ್ಡಿಗಳನ್ನು ಹೇಗೆ ಹೆಣೆದಿದ್ದರೆಂದು ಹೇಳಿ, ಡಬ್ಲಿನ್ನಿನ ಐರಿಷ್ ಹೆಸರಾದ ‘ಬಾಲ್ಯ ಆಹ ಕ್ಲೀಅ’ ಎಂದರೆ ‘ತಡಿಕೆ ಹಾಸಿದ ಹಾಯಗಡದ ಊರು’ ಎಂದು ಕನ್ನಡಿಸಿದ್ದೀರಿ. ಅದನ್ನು ಓದಿ ಕನ್ನಡಕ ತೆಗೆದಿಟ್ಟು ಸ್ವಲ್ಪ ಹೊತ್ತು ಸುಮ್ಮನೆ ಕೂತೆ. ಇಂಥ ಪದ ನನಗೆ ಆಗ ಹೊಳೆದಿರಲಿಲ್ಲ. ಈ ಹೊಗಳಿಕೆಯನ್ನು ತಲೆಗೆ ಏರಿಸಿಕೊಳ್ಳಬೇಡಿ.

ಗೀಟು ಹಾಕಿದ ಪ್ರತಿಯನ್ನು ಅಂಚೆಗೆ ಹಾಕಿದ್ದೇನೆ. ಡ್ರಾಹೆಡಾ ಅಧ್ಯಾಯವನ್ನು ಮೊದಲು ತಿದ್ದಿ ಕಳಿಸಿ. ನದಿಯ ಯಾವ ದಡದವರು ಯಾರ ಸರಕಿಗೆ ಅಡ್ಡ ಬರುತ್ತಿದ್ದರು ಎಂಬುದು ಅದರಲ್ಲಿ ಇರಲಿ.

ಇತಿ,
ನಿಮ್ಮ ಅಣ್ಣ