ಚೊಗರಿನ ಕಲೆ, ಖಾದಿಯ ಬಿಳುಪು

ಪ್ರಿಯ ಓದುಗರೇ,

ಈ ಸಲ ಸಾಗರದ ಮನೆಗೆ ಹೋದಾಗ ಅಡಿಕೆ ಬೇಯಿಸುವ ಕಾಲ. ಹಂಡೆಯ ಚೊಗರು, ಅಂದರೆ ಅಡಿಕೆ ಬೆಂದ ಕೆಂಪು ರಸ, ಸಿಡಿದು ನನ್ನ ಪಂಚೆಯ ಅಂಚು ಕೆಂಪಾಯಿತು. ಎಷ್ಟು ಉಜ್ಜಿದರೂ ಹೋಗಲೊಲ್ಲದು. "ಬಿಡಾ ತಮಾ, ಹೋಗ್ತಿಲ್ಲೆ ಅದು. ತೊಳದಷ್ಟೂ ಕೂರ್ತು" ಎಂದರು ದೊಡ್ಡಮ್ಮ. ಅದೇ ಚೊಗರಿನಲ್ಲಿ ಹೆಗ್ಗೋಡಿನ 'ಚರಕ' ಎಂಬ ಕೈಮಗ್ಗ ಸಂಘದವರು ಬಟ್ಟೆಗೆ ಬಣ್ಣ ಕಟ್ಟುತ್ತಾರೆ. ಅಲ್ಲಿಂದ ತಂದ ಜುಬ್ಬವನ್ನು ಬಿಸಿಲಿಗೆ ಹಿಡಿದು ನೋಡಿದೆ: ಒಂದು ಎಳೆ ಗಾಢ, ಪಕ್ಕದ್ದು ತುಸು ತಿಳಿ. ಬಟ್ಟೆಯನ್ನು ಹೀಗೆ ನೋಡುವುದನ್ನೇ ಬದುಕು ಮಾಡಿಕೊಂಡ ಸಿನಿಮಾ ವಸ್ತ್ರವಿನ್ಯಾಸಕಿ ಭಾನು ಅಥೈಯಾ ಆಗ ನೆನಪಾದರು.

1929ರಲ್ಲಿ ಕೊಲ್ಹಾಪುರದಲ್ಲಿ ಹುಟ್ಟಿದವರು. ತಂದೆ ಅಣ್ಣಾಸಾಹೇಬ್ ರಾಜೋಪಾಧ್ಯೆ ಚಿತ್ರಕಾರರು. ಮಗಳು ಚಿಕ್ಕವಳಿದ್ದಾಗಲೇ ತೀರಿಕೊಂಡರು. ಭಾನು ಮುಂಬೈಯ ಜೆ.ಜೆ. ಕಲಾಶಾಲೆಯಲ್ಲಿ ಚಿನ್ನದ ಪದಕ ಪಡೆದರು, 1953ರಲ್ಲಿ 'ಪ್ರೋಗ್ರೆಸಿವ್' ಎಂಬ ಆಧುನಿಕ ಚಿತ್ರಕಾರರ ಗುಂಪಿನ ಜೊತೆ ಚಿತ್ರ ಪ್ರದರ್ಶಿಸಿದರು. ಪತ್ರಿಕೆಗೆ ಉಡುಪಿನ ಚಿತ್ರ ಬರೆಯುತ್ತಿದ್ದವರು ಉಡುಪನ್ನೇ ಹೊಲಿಸತೊಡಗಿ ಸಿನಿಮಾಕ್ಕೆ ಬಂದರು.

ಅವರು ಚಿತ್ರಕಲೆ ಬಿಟ್ಟರೆಂದು ಮರುಗುವವರಿದ್ದಾರೆ. ನಾನು ಒಪ್ಪಲಾರೆ. 'ಗಾಂಧಿ' ಚಿತ್ರವನ್ನು ಮಾತು ಬಂದ್ ಮಾಡಿ ಒಮ್ಮೆ ನೋಡಿ. ದಕ್ಷಿಣ ಆಫ್ರಿಕಾದ ವಕೀಲರ ಸೂಟಿನಿಂದ ಮೊಣಕಾಲ ಮೇಲಿನ ಪಂಚೆಯವರೆಗೆ ಅರ್ಧ ಕಥೆಯನ್ನು ಬಟ್ಟೆಯೇ ಹೇಳಿಬಿಡುತ್ತದೆ. ಖಾದಿಯ ಬಿಳುಪೂ ಒಂದೇ ಅಲ್ಲ. ಹೊಸ ಬಟ್ಟೆಯದು ಬೇರೆ, ನೂರು ಸಲ ಒಗೆದದ್ದರದು ಬೇರೆ. ಆ ವ್ಯತ್ಯಾಸ ಹಿಡಿಯಲು ಕುಂಚ ಹಿಡಿದ ಕಣ್ಣೇ ಬೇಕು. ಅದಕ್ಕಾಗಿ 1983ರಲ್ಲಿ ಸಹ ವಸ್ತ್ರವಿನ್ಯಾಸಕ ಜಾನ್ ಮೊಲೊ ಜೊತೆ ಆಸ್ಕರ್ ಬಂತು. ಭಾರತೀಯರೊಬ್ಬರಿಗೆ ಅದೇ ಮೊದಲು. ಆ ಪ್ರತಿಮೆ ಜೋಪಾನವಾಗಿರಲೆಂದು 2012ರಲ್ಲಿ ಆಸ್ಕರ್ ಕೊಡುವ ಅಕಾಡೆಮಿಗೇ ಹಿಂತಿರುಗಿಸಿದರು. 2020ರ ಅಕ್ಟೋಬರ್‌ನಲ್ಲಿ, 91ನೇ ವಯಸ್ಸಿನಲ್ಲಿ ಮುಂಬೈಯಲ್ಲಿ ನಿಧನರಾದರು.

ಇದೆಲ್ಲ ಯಾಕೆ ಬರೆದೆನೆಂದರೆ, ನಮ್ಮ ರಾಜ್ಯೋತ್ಸವದ ನಾಟಕಕ್ಕೆ ಮೂರು ವಾರದಿಂದ ಕೆಲವು ಅಕ್ಕಂದಿರು ಕೆಲಸ ಮುಗಿಸಿ ಬಂದು ರಾತ್ರಿ ಹೊಲಿಗೆ ಯಂತ್ರದ ಮುಂದೆ ಕೂರುತ್ತಿದ್ದಾರೆ. ಸೈನಿಕರ ಅಂಗಿ ಹೊಸದಾಗಿ ಕಾಣಬಾರದೆಂದು ಚಹಾ ಡಿಕಾಕ್ಷನ್ನಿನಲ್ಲಿ ಅದ್ದಿ ಒಣಗಿಸಿದ್ದಾರೆ. ಕಳೆದ ವರ್ಷ ಕರಪತ್ರ ಸಿದ್ಧಮಾಡಿದವನು ನಾನೇ. ನಟರು, ನಿರ್ದೇಶಕರು, ಊಟದ ಪ್ರಾಯೋಜಕರು ಎಲ್ಲರ ಹೆಸರೂ ಇತ್ತು, ಹೊಲಿದವರದ್ದಿರಲಿಲ್ಲ. ಆ ತಪ್ಪಿಗೆ ಕ್ಷಮೆ ಕೇಳುತ್ತೇನೆ. ಈ ಬಾರಿ ವಸ್ತ್ರವಿನ್ಯಾಸದ ಸಾಲು ನಿರ್ದೇಶಕರ ಹೆಸರಿನ ಕೆಳಗೇ ಬರುತ್ತದೆ. ಗುಂಡಿ ಹಾಕಿಕೊಟ್ಟವರೂ ಸೇರಿದಂತೆ ಎಲ್ಲರೂ ಭಾನುವಾರದೊಳಗೆ ಹೆಸರು ತಿಳಿಸಿ.

— ಸಂಪಾದಕ