ಭಾನುವಾರದ ಓದು: ಒಂದು ನೆನಪು

ಎಲ್ಲರಿಗೂ ನಮಸ್ಕಾರ. ಈ ಭಾನುವಾರ ಸಂಜೆ 4ಕ್ಕೆ ವಿಡಿಯೊ ಕಾಲ್‌ನಲ್ಲಿ ಸೇರೋಣ. ಪುಸ್ತಕ ಎಮ್ಮಾ ಟೊರ್ಜ್ ಅವರ ‘ಇಂಕ್ ಬ್ಲಡ್ ಸಿಸ್ಟರ್ ಸ್ಕ್ರೈಬ್’ (2023).

ಅಕ್ಕ ಎಸ್ತರ್ ಅಂಟಾರ್ಕ್ಟಿಕಾದಲ್ಲಿ ಎಲೆಕ್ಟ್ರಿಷಿಯನ್. ತಂಗಿ ಜೊವಾನ್ನಾ ವರ್ಮಾಂಟ್‌ನ ಮನೆಯಲ್ಲಿ ಒಬ್ಬಳೇ, ಮಾಯದ ಪುಸ್ತಕಗಳಿಗೆ ಕಾವಲು. ದಿನಾ ತನ್ನ ರಕ್ತದ ಹನಿ ಕೊಟ್ಟು ಮನೆಯನ್ನು ಲೋಕದ ಕಣ್ಣಿಂದ ಮರೆಮಾಡುತ್ತಾಳೆ. ಆ ದೃಶ್ಯ ನನ್ನನ್ನು ಇನ್ನೂ ಬಿಟ್ಟಿಲ್ಲ. ಮಾಯಕ್ಕಿಂತ ಅಕ್ಕತಂಗಿಯರ ಮೌನವೇ ಜಾಸ್ತಿ ಕಾಡುತ್ತೆ, ಅಲ್ವಾ?

ಅರ್ಧ ಓದಿದವರೂ ಖಂಡಿತ ಬನ್ನಿ. ಓದಿ ಮುಗಿಸಿದವರು ಕೊನೆಯ ತಿರುವುಗಳನ್ನು ದಯವಿಟ್ಟು ಇಲ್ಲಿ ಬರೆಯಬೇಡಿ. ಇಷ್ಟವಾದ ಒಂದು ಪುಟ ಗುರುತು ಹಾಕಿಟ್ಟುಕೊಳ್ಳಿ, ಅಂದು ಗಟ್ಟಿಯಾಗಿ ಓದೋಣ. ಪ್ರತಿ ಬೇಕಾದವರು ನನಗೆ ತಿಳಿಸಿ, ನನ್ನದನ್ನು ಕೊಡುತ್ತೇನೆ. ಬರುವವರು ಶುಕ್ರವಾರದೊಳಗೆ ‘ಬರ್ತೀನಿ’ ಅಂತ ಹಾಕಿ.